ನಿಮ್ಮ ಲೇಖನದ ನಾಲ್ಕನೆಯ ಪುಟ

ಮಾನ್ಯರೇ, ನಮಸ್ಕಾರ.

ವರ್ಲಿಯ ದೂರದರ್ಶನ ಕೇಂದ್ರದಲ್ಲಿ ನಿರ್ಮಾಪಕರಾಗಿದ್ದು ನಿವೃತ್ತರಾದ ನಿಮ್ಮ ಸೋದರಮಾವನವರನ್ನು ಕುರಿತ ಲೇಖನವನ್ನು ಓದಿದೆ. ಈಗಿರುವ ರೂಪದಲ್ಲಿ ಅದನ್ನು ಪ್ರಕಟಿಸಲಾರೆ. ಆದರೆ ನೀವು ಅದನ್ನು ಕೈಬಿಡಬಾರದು. ಮುಂಬಯಿಯಲ್ಲಿ ಹೋಟೆಲು ಕಟ್ಟಿದ, ಸಂಘ ಕಟ್ಟಿದ ಕನ್ನಡಿಗರ ಬಗ್ಗೆ ಬೇಕಾದಷ್ಟು ಬರಹಗಳಿದ್ದರೂ ಸ್ಟುಡಿಯೋದೊಳಗೆ ದುಡಿದವರ ಬಗ್ಗೆ ನಮ್ಮ ಕೈಗೆ ಬಂದದ್ದು ತೀರ ಕಡಿಮೆ.

ಮೊದಲ ಮೂರು ಪುಟಗಳಲ್ಲಿ ಗಣ್ಯರ ಪಟ್ಟಿಯಿದೆ, ಸನ್ಮಾನಗಳಿವೆ, ‘ಅಪ್ರತಿಮ’, ‘ಅಜಾತಶತ್ರು’ ಎಂಬ ವಿಶೇಷಣಗಳಿವೆ. ಮಾವ ಮಾತ್ರ ಕಾಣುವುದಿಲ್ಲ. ಕೃಷಿ ಕಾರ್ಯಕ್ರಮವೊಂದರಲ್ಲಿ ಅತಿಥಿಯೊಬ್ಬರು ಕೀಟನಾಶಕದ ಪ್ರಮಾಣವನ್ನು ತಪ್ಪಾಗಿ ಹೇಳಿದ್ದು ಪ್ರಸಾರದ ಹಿಂದಿನ ರಾತ್ರಿ ಗಮನಕ್ಕೆ ಬಂದು, ಆ ಒಂದು ಮಾತನ್ನು ತೆಗೆಯಲು ಅವರು ಬೆಳಗಿನವರೆಗೆ ಎಡಿಟಿಂಗ್ ಕೋಣೆಯಲ್ಲಿ ಕುಳಿತ ಸಂಗತಿ ನಾಲ್ಕನೆಯ ಪುಟದಲ್ಲಿ ಎರಡೇ ಸಾಲಿನಲ್ಲಿ ಮುಗಿದುಹೋಗುತ್ತದೆ. ಲೇಖನದ ಜೀವವಿರುವುದೇ ಅಲ್ಲಿ. ಆಗ ಒಂದು ಟೇಪಿನಿಂದ ಇನ್ನೊಂದಕ್ಕೆ ದೃಶ್ಯಗಳನ್ನು ಸಾಲಾಗಿ ನಕಲಿಸುತ್ತ ಸಂಕಲನ ಮಾಡುತ್ತಿದ್ದರು. ನಡುವಿನ ಹತ್ತು ಸೆಕೆಂಡು ಕಿತ್ತರೆ ಮುಂದಿನದನ್ನೆಲ್ಲ ಮತ್ತೆ ಜೋಡಿಸಬೇಕಿತ್ತು, ಇಲ್ಲವೇ ನಕಲಿನ ನಕಲು ತೆಗೆದು ಚಿತ್ರ ಮಸುಕಾಗುವುದನ್ನು ಒಪ್ಪಿಕೊಳ್ಳಬೇಕಿತ್ತು. ಇದನ್ನು ವಿವರಿಸದಿದ್ದರೆ, ಒಂದು ಮಾತಿಗೆ ಇಡೀ ರಾತ್ರಿ ಏಕೆ ಹಿಡಿಯಿತೆಂಬುದು ಇಂದಿನ ಓದುಗರಿಗೆ ತಿಳಿಯುವುದಿಲ್ಲ. ಎರಡರಲ್ಲಿ ಮಾವ ಯಾವ ದಾರಿ ಹಿಡಿದರು, ಜೊತೆಗೆ ಯಾರಿದ್ದರು ಎಂಬುದನ್ನು ಅವರನ್ನೇ ಕೇಳಿ ಬರೆಯಿರಿ. ಟೇಪುಗಳನ್ನು ಅಳಿಸಿ ಮರುಬಳಸುತ್ತಿದ್ದ ಕಾಲವದು. ಕಾರ್ಯಕ್ರಮಗಳು ಉಳಿದಿರದಿದ್ದರೆ ಅವರ ನೆನಪೇ ದಾಖಲೆ.

ಇಸವಿಗಳಲ್ಲಿ ಎಚ್ಚರ ಸಾಲದು. ಅವರು 1971ರಲ್ಲಿ ಮುಂಬಯಿ ದೂರದರ್ಶನಕ್ಕೆ ಸೇರಿದರೆಂದು ಬರೆದಿದ್ದೀರಿ. ಆ ಕೇಂದ್ರ ಆರಂಭವಾದದ್ದೇ 1972ರ ಅಕ್ಟೋಬರ್ 2ರಂದು. 1976ರ ಏಪ್ರಿಲ್ 1ರವರೆಗೆ ದೂರದರ್ಶನ ಆಕಾಶವಾಣಿಯ ಅಂಗವಾಗಿದ್ದುದರಿಂದ ಅವರು ಮೊದಲು ಸೇರಿದ್ದು ರೇಡಿಯೋಗೆ ಇರಬಹುದು. ನೇಮಕಾತಿ ಪತ್ರವನ್ನು ಒಮ್ಮೆ ನೋಡಿ. ಹಾಗಿದ್ದರೆ, ಧ್ವನಿಯಿಂದ ದೃಶ್ಯಕ್ಕೆ ಬಂದ ಆ ಬದಲಾವಣೆಗೇ ಒಂದು ಪುಟ ಮೀಸಲಿಡಬಹುದು. 1978ರ ‘ವರ್ಣಮಯ ಪ್ರಸಾರ’ವನ್ನೂ ತೆಗೆದುಹಾಕಿ, ಬಣ್ಣ ಬಂದದ್ದು 1982ರಲ್ಲಿ.

ಅವರು ನಿಮ್ಮ ಸೋದರಮಾವನೆಂಬುದನ್ನು ಲೇಖನದಲ್ಲಿ ಎಲ್ಲಿಯೂ ಹೇಳಿಲ್ಲ. ಮೊದಲ ಸಾಲುಗಳಲ್ಲೇ ಹೇಳಿಬಿಡಿ. ಓದುಗರು ನಿಮ್ಮ ಅಭಿಮಾನವನ್ನು ಒಪ್ಪುತ್ತಾರೆ, ಮುಚ್ಚಿಟ್ಟದ್ದನ್ನು ಒಪ್ಪುವುದಿಲ್ಲ. ಸನ್ಮಾನಗಳ ಭಾಗವನ್ನು ಪೂರ್ತಿ ಬಿಟ್ಟು, ಆ ರಾತ್ರಿಯಿಂದ ಆರಂಭಿಸಿ ತಿದ್ದಿದ ಪ್ರತಿಯನ್ನು ನೇರವಾಗಿ ನನಗೇ ಕಳುಹಿಸಿ.

ಇಂತಿ,
ಸಂಪಾದಕ