ಕೊಡಗಿನ ಆದಿವಾಸಿ ಹಾಡಿಗಳಲ್ಲಿ ಕಾಗದಪತ್ರ ಇಲ್ಲದವರಿಗೂ ಕಾಡಿನ ಮೇಲೆ ಕಾನೂನಿನ ಹಕ್ಕಿದೆಯೇ?

ಇದೆ. ನಾಗರಹೊಳೆ ಅಂಚಿನ ಜೇನುಕುರುಬ, ಎರವ ಹಾಡಿಗಳಲ್ಲಿ ಹಲವರ ಬಳಿ ಕಂದಾಯದ ಕಾಗದವಿಲ್ಲ, ನಿಜ. ಆದರೆ 2006ರ ಅರಣ್ಯ ಹಕ್ಕು ಕಾಯ್ದೆ ಕಾಗದವೊಂದನ್ನೇ ನೆಚ್ಚಿಲ್ಲ. ನಿಯಮ 13ರ ಪ್ರಕಾರ ಹಿರಿಯರ ಹೇಳಿಕೆಯನ್ನು ಬರೆದುಕೊಂಡರೆ ಅದೂ ಸಾಕ್ಷ್ಯ. ಹಳೆಯ ಬಾವಿ, ಸಮಾಧಿ, ದೇವರ ನೆಲೆಯೂ ಸಾಕ್ಷ್ಯವೇ. ಇಂಥ ಎರಡಾದರೂ ಬೇಕು. ಅಜ್ಜಿ ಕೈತೋರಿಸುವ ದೇವರ ಬನಕ್ಕೆ ಕಾನೂನಿನಲ್ಲಿ ಜಾಗ ಸಿಕ್ಕಿದ್ದು ನನಗಂತೂ ಬಹಳ ದೊಡ್ಡ ಸಂಗತಿ. ಅರ್ಜಿ ಮೊದಲು ಗ್ರಾಮಸಭೆಗೆ, ಆಮೇಲೆ ಉಪವಿಭಾಗ ಮತ್ತು ಜಿಲ್ಲಾ ಸಮಿತಿಗೆ.

ಪರಿಶೀಲನೆ ಮುಗಿಯುವವರೆಗೆ ಒಕ್ಕಲೆಬ್ಬಿಸುವಂತಿಲ್ಲ ಎನ್ನುತ್ತದೆ ಸೆಕ್ಷನ್ 4(5). ಒಡಿಶಾದ ನಿಯಮಗಿರಿ ಬೆಟ್ಟದ ಗಣಿಗಾರಿಕೆ ಪ್ರಕರಣದಲ್ಲಿ, 2013ರಲ್ಲಿ, ಸುಪ್ರೀಂ ಕೋರ್ಟ್ ಬೆಟ್ಟದ ದೇವರ ಪೂಜೆಯ ಹಕ್ಕನ್ನೂ ಗ್ರಾಮಸಭೆಯ ಮುಂದೆಯೇ ಇಡಿ ಎಂದಿತು. ಹಿರಿಯರು ಇರುವಾಗಲೇ ಅವರ ಹೇಳಿಕೆ ಬರೆಸಿಡಿ.