ಲೈಟ್ ಆರಿಸದೆ ಬಟ್ಟೆ ಬದಲಿಸಿ

ಪ್ರಶ್ನೆ: ಮೇಡಂ, ನನಗೆ 41 ವರ್ಷ. ಗೋಣಿಕೊಪ್ಪಲಿನ ಹತ್ತಿರ ನಮ್ಮದು ಸಣ್ಣ ಕಾಫಿ ತೋಟ, ಜೊತೆಗೊಂದು ಹೋಂಸ್ಟೇ. ಎರಡನೇ ಸಿಸೇರಿಯನ್ ಆದಮೇಲೆ ಹೊಟ್ಟೆ ಜೋತುಬಿದ್ದಿದೆ. ಬಟ್ಟೆ ಬದಲಿಸುವಾಗ ಲೈಟ್ ಆರಿಸುತ್ತೇನೆ, ಗಂಡನ ಎದುರಿಗೂ ನಾಚಿಕೆ. ಮೊನ್ನೆ ಜರ್ಮನಿಯ ದಂಪತಿ ಬಂದಿದ್ದರು, ಅರವತ್ತು ದಾಟಿದವರು. ಅವರ ಊರಿನ ಕೆರೆಯಲ್ಲಿ ಎಲ್ಲರೂ ಬಟ್ಟೆಯಿಲ್ಲದೆ ಈಜುತ್ತಾರಂತೆ, ಅದರಿಂದಲೇ ತಮ್ಮ ಮೈ ಬಗ್ಗೆ ಇದ್ದ ಬೇಸರ ಹೋಯಿತಂತೆ. ಇದು ನಿಜವಾ? ಕೇಳಿದ್ದು ತಪ್ಪಾದರೆ ಕ್ಷಮಿಸಿ.

ಉತ್ತರ: ಇದರಲ್ಲಿ ತಪ್ಪೇನೂ ಇಲ್ಲ. ನಿಮ್ಮ ಪತ್ರ ಎರಡು ಸಲ ಓದಿದೆ, ಲೈಟ್ ಆರಿಸುವ ಮಾತು ಮನಸ್ಸಿನಿಂದ ಹೋಗಲೇ ಇಲ್ಲ.

ಆ ದಂಪತಿ ಹೇಳಿದ್ದು ನಿಜ. ಜರ್ಮನಿಯಲ್ಲಿ ಈ ರೂಢಿಗೆ ಎಫ್‌ಕೆಕೆ (ಜರ್ಮನ್ ಹೆಸರಿನ ಚಿಕ್ಕ ರೂಪ, ಅರ್ಥ ‘ಮುಕ್ತ ದೇಹ ಸಂಸ್ಕೃತಿ’) ಅನ್ನುತ್ತಾರೆ, ನೂರು ವರ್ಷಕ್ಕೂ ಹಳೆಯದು. ಕಾಮಕ್ಕೂ ಇದಕ್ಕೂ ಸಂಬಂಧವಿಲ್ಲ. ನಮ್ಮ ದೇಶದಲ್ಲೂ 1891ರಲ್ಲೇ ಮುಂಬೈ ಹತ್ತಿರದ ಠಾಣೆಯಲ್ಲಿ ಕ್ರಾಫರ್ಡ್ ಎಂಬ ಬ್ರಿಟಿಷ್ ನ್ಯಾಯಾಧೀಶರು ಇಂಥ ಸಂಘ ಕಟ್ಟಿದ್ದರು, ಸದಸ್ಯರು ಮೂರೇ ಜನ. 2017ರಲ್ಲಿ ಲಂಡನ್ನಿನ ಗೋಲ್ಡ್‌ಸ್ಮಿತ್ಸ್ ವಿಶ್ವವಿದ್ಯಾಲಯದ ಮನಶ್ಶಾಸ್ತ್ರಜ್ಞ ಕಿಯಾನ್ ವೆಸ್ಟ್ 849 ಜನರನ್ನು ವಿಚಾರಿಸಿದಾಗ, ಇದರಲ್ಲಿ ಜಾಸ್ತಿ ಪಾಲ್ಗೊಂಡವರಿಗೆ ತಮ್ಮ ಮೈ ಬಗ್ಗೆಯೂ ಬದುಕಿನ ಬಗ್ಗೆಯೂ ಹೆಚ್ಚು ಸಮಾಧಾನ ಇರುವುದು ಕಂಡಿತು. ಆದರೆ ಅವರೆಲ್ಲ ತಾವಾಗಿ ಇಷ್ಟಪಟ್ಟು ಹೋದವರು, ಅದನ್ನೂ ನೆನಪಿಡಿ.

ನನಗನ್ನಿಸುವುದು, ಗುಣ ಬಟ್ಟೆ ತೆಗೆಯುವುದರಲ್ಲಿಲ್ಲ. ಅಲ್ಲಿ ಜೋತುಬಿದ್ದ ಹೊಟ್ಟೆ, ಆಪರೇಷನ್ ಗುರುತು, ಸುಕ್ಕು ಎಲ್ಲವೂ ಕಣ್ಣೆದುರಿಗೇ ಇರುತ್ತವೆ, ಯಾರೂ ಏನೂ ಅನ್ನುವುದಿಲ್ಲ. ನಾವು ನೋಡುವುದು ಮೊಬೈಲಿನ ತಿದ್ದಿದ ಫೋಟೋಗಳನ್ನು ಮಾತ್ರ, ಅಲ್ವಾ? ನಮ್ಮಲ್ಲೂ ಇದಕ್ಕೊಂದು ಜಾಗ ಇತ್ತು, ಬಾಣಂತಿಯ ಬಚ್ಚಲುಮನೆ. ಅಜ್ಜಿಯೋ ದೊಡ್ಡಮ್ಮನೋ ಎಣ್ಣೆ ತಿಕ್ಕಿ, ಹಂಡೆಯಿಂದ ಬಿಸಿನೀರು ಮೊಗೆದು ಮೊಗೆದು ಹೊಯ್ಯುತ್ತಿದ್ದರು. ನನಗೆ ನೀರು ಹಾಕಿದ ದೊಡ್ಡಮ್ಮ ಐದು ಹೆತ್ತವರು, ನನ್ನ ಹೊಟ್ಟೆಯ ಗೆರೆಗಳನ್ನು ನೋಡಿ "ನನಗೂ ಹೀಗೇ ಇದೆ" ಅಂದು ಸೆರಗು ಸರಿಸಿ ತೋರಿಸಿದ್ದರು. ಆವತ್ತು ಎಷ್ಟು ಹಗುರ ಅನ್ನಿಸಿತ್ತು ಅಂದರೆ, ಇವತ್ತಿಗೂ ನೆನಪಿದೆ.

ಹಾಗಂತ ಹೊಳೆ ದಂಡೆಯಲ್ಲಿ ಇದನ್ನು ಮಾಡಲು ಹೋಗಬೇಡಿ. ಸಾರ್ವಜನಿಕ ಜಾಗದಲ್ಲಿ ಭಾರತೀಯ ನ್ಯಾಯ ಸಂಹಿತೆಯ 296ನೇ ಕಲಂ ಪ್ರಕಾರ ಕೇಸ್ ಆಗಬಹುದು. ನಿಮ್ಮ ಕೋಣೆ ಸಾಕು. ಇವತ್ತು ರಾತ್ರಿ ಲೈಟ್ ಹಾಗೇ ಇರಲಿ. ಸ್ನಾನ ಆದಮೇಲೆ ಅವಸರದಲ್ಲಿ ನೈಟಿ ಹಾಕಿಕೊಳ್ಳದೆ, ಕೊಬ್ಬರಿ ಎಣ್ಣೆ ತೆಗೆದುಕೊಂಡು ಹೊಲಿಗೆಯ ಗುರುತಿನ ಮೇಲೆ ನಿಧಾನಕ್ಕೆ ಹಚ್ಚಿ, ಸುಮ್ನೆ ನೋಡಿ. ಮೊದಲ ದಿನ ಅಳು ಬಂದರೂ ಬರಲಿ. ಬೇಸರ ತೀರಾ ಜಾಸ್ತಿಯಾಗಿ ಊಟ, ನಿದ್ದೆಯೇ ಕೆಟ್ಟಿದ್ದರೆ ಮಾನಸಿಕ ಆರೋಗ್ಯದ ಸರ್ಕಾರಿ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಫೋನ್ ಮಾಡಿ, ಕನ್ನಡದಲ್ಲೇ ಮಾತಾಡುತ್ತಾರೆ.

ಗಂಡನಿಗೆ ಈ ನಾಚಿಕೆಯ ವಿಷಯ ಹೇಳಿದ್ದೀರಾ? ಪತ್ರದಲ್ಲಿ ಬರೆದಿಲ್ಲ. ನೀವು ಲೈಟ್ ಯಾಕೆ ಆರಿಸುತ್ತೀರಿ ಅಂತ ಅವರು ಬೇರೇನೋ ಅಂದುಕೊಂಡಿರಬಹುದು. ನನಗೆ ಬರೆದ ಇದೇ ಮಾತನ್ನು ಅವರಿಗೂ ಹೇಳಿ.