ಹೊಸ ಯಂತ್ರ ಬಂದ ಮೇಲೆ ಕುಶಲ ಕಾರ್ಮಿಕನ ಪಾಲಿಗೆ ಉಳಿಯುವುದೇನು?

ಹೊರದೇಶದ ಬಂಡವಾಳದ ಜೊತೆ ಬರುವ ತಂತ್ರಜ್ಞಾನದಿಂದ ಅಭಿವೃದ್ಧಿಶೀಲ ದೇಶಗಳ ಕುಶಲ ಕಾರ್ಮಿಕರಿಗೆ ಒಟ್ಟಿನಲ್ಲಿ ಲಾಭವೋ ನಷ್ಟವೋ ಎಂದು ನೀವು ಕೇಳಿದ್ದೀರಿ. ಈ ಪ್ರಶ್ನೆಯೊಳಗೆ ಎರಡು ಪ್ರಶ್ನೆಗಳಿವೆ: ಅವರ ಸಂಬಳ ಏರುತ್ತದೆಯೇ ಎಂಬುದು ಒಂದು, ಅವರ ಕುಶಲತೆ ಬೆಳೆಯುತ್ತದೆಯೇ ಎಂಬುದು ಇನ್ನೊಂದು. ಮೊದಲನೆಯದಕ್ಕೆ ಉತ್ತರ ಸಿಕ್ಕಿದರೆ ಎರಡನೆಯದಕ್ಕೂ ಸಿಕ್ಕಿತೆಂದು ಭಾವಿಸುವವರು ಬಹಳ. ಯಂತ್ರಭಾಗಗಳನ್ನು ತಯಾರಿಸುವ ಕಾರ್ಖಾನೆಗಳಲ್ಲಿ ಹೊಸಬರಿಗೆ ತರಬೇತಿ ಕೊಡುತ್ತ ಬಂದಿರುವ ನಾನು ಕಂಡಂತೆ, ಸಂಬಳ ಏರುತ್ತಿರುವಾಗಲೇ ಕುಶಲತೆ ನಿಂತಲ್ಲೇ ನಿಲ್ಲುವುದು, ಕೆಲವೊಮ್ಮೆ ಹಿಂದಕ್ಕೆ ಸರಿಯುವುದು ಸಾಧ್ಯ.

ಮೊದಲು ಸಂಬಳದ ಮಾತು. ಅರ್ಥಶಾಸ್ತ್ರಜ್ಞರಾದ ವೋಲ್ಫ್‌ಗ್ಯಾಂಗ್ ಸ್ಟೋಲ್ಪರ್ ಮತ್ತು ಪಾಲ್ ಸ್ಯಾಮ್ಯುಯೆಲ್ಸನ್ 1941ರಲ್ಲಿ ಮಂಡಿಸಿದ ಸಿದ್ಧಾಂತವನ್ನು ಹಿಡಿದು ನಡೆದರೆ, ಕುಶಲವಲ್ಲದ ದುಡಿಮೆ ಹೇರಳವಾಗಿರುವ ದೇಶವು ತನ್ನ ಮಾರುಕಟ್ಟೆಯನ್ನು ತೆರೆದಾಗ ಆ ದುಡಿಮೆಗೇ ಬೇಡಿಕೆ ಹೆಚ್ಚಬೇಕು, ಕುಶಲರಿಗೂ ಉಳಿದವರಿಗೂ ನಡುವಿನ ಸಂಬಳದ ಅಂತರ ಕುಗ್ಗಬೇಕು. ಆದರೆ 1980ರ ದಶಕದ ನಡುವಿನಲ್ಲಿ ಆಮದು ಸುಂಕಗಳನ್ನು ಇಳಿಸಿ, 1986ರಲ್ಲಿ ಅಂತರರಾಷ್ಟ್ರೀಯ ವ್ಯಾಪಾರದ ಗ್ಯಾಟ್ ಒಪ್ಪಂದಕ್ಕೆ ಸೇರಿದ ಮೆಕ್ಸಿಕೋದಲ್ಲಿ ಮುಂದಿನ ಸುಮಾರು ಹತ್ತು ವರ್ಷಗಳ ಕಾಲ ಆ ಅಂತರ ಕುಗ್ಗುವ ಬದಲು ಹಿಗ್ಗಿತು. ಅದು ಮತ್ತೆ ಇಳಿಮುಖವಾದದ್ದು 1990ರ ದಶಕದ ಕೊನೆಯ ವರ್ಷಗಳಿಂದೀಚೆಗೆ. ಅರ್ಥಶಾಸ್ತ್ರಜ್ಞರಾದ ರಾಬರ್ಟ್ ಫೀನ್‌ಸ್ಟ್ರಾ ಮತ್ತು ಗಾರ್ಡನ್ ಹ್ಯಾನ್ಸನ್ ಇದಕ್ಕೆ ಕೊಟ್ಟ ವಿವರಣೆ ನನಗೆ ಮನದಟ್ಟಾಗುವಂಥದ್ದು: ಶ್ರೀಮಂತ ದೇಶದ ಕಂಪನಿ ತನ್ನಲ್ಲಿನ ಕೆಳದರ್ಜೆಯ ಕೆಲಸವೆಂದು ಹೊರಗೆ ಸಾಗಿಸುವ ಕೆಲಸವೇ ಅದನ್ನು ಪಡೆಯುವ ದೇಶದಲ್ಲಿ ಸರಾಸರಿಗಿಂತ ಹೆಚ್ಚಿನ ಕುಶಲತೆ ಬೇಡುವ ಕೆಲಸವಾಗಿರುತ್ತದೆ. ಹೀಗಾಗಿ ಎರಡೂ ಕಡೆ ಕುಶಲರಿಗೆ ಬೇಡಿಕೆ ಏರುತ್ತದೆ, ಉಳಿದವರು ಎರಡೂ ಕಡೆ ಹಿಂದೆ ಬೀಳುತ್ತಾರೆ.

ಇದರ ಜೊತೆಗೆ ಯಂತ್ರಗಳದೇ ಒಂದು ಕಾರಣವಿದೆ. ಸುಂಕ ಇಳಿದಾಗ ಮೊದಲು ಒಳಗೆ ಬರುವುದು ಹೊರಗಿನ ಯಂತ್ರೋಪಕರಣ. ವಿದ್ಯಾವಂತ ಕೆಲಸಗಾರರು ಧಾರಾಳವಾಗಿರುವ, ಕೂಲಿ ದುಬಾರಿಯಾಗಿರುವ ದೇಶಗಳ ಕಾರ್ಖಾನೆಗಳನ್ನು ಕಣ್ಣಮುಂದಿಟ್ಟುಕೊಂಡು ಅವುಗಳ ವಿನ್ಯಾಸ ನಡೆದಿರುತ್ತದೆ. ಆದ್ದರಿಂದ ಅವು ಎಲ್ಲಿಗೆ ಹೋದರೂ ಕಡಿಮೆ ಜನರನ್ನು, ಅದರಲ್ಲೂ ಹೆಚ್ಚು ಓದಿದವರನ್ನು ಕೇಳುತ್ತವೆ. ಹಾಗಾಗಿ ಕುಶಲರ ಸಂಬಳ ಏರುತ್ತದೆಯೇ ಎಂಬ ಪ್ರಶ್ನೆಗೆ, ಕನಿಷ್ಠ ಮೊದಲ ವರ್ಷಗಳ ಮಟ್ಟಿಗೆ, ಹೌದು ಎಂದೇ ಉತ್ತರಿಸಬೇಕಾಗುತ್ತದೆ.

ಎರಡನೆಯ ಪ್ರಶ್ನೆ ಇಷ್ಟು ಸರಳವಲ್ಲ. ಯಂತ್ರದಲ್ಲಿ ತಿರುಗುವ ಲೋಹದ ದಂಡದ, ಅಂದರೆ ಶಾಫ್ಟಿನ, ಹೊರಮೈ ಕಡೆಯುವ ಕೆಲಸವನ್ನೇ ತೆಗೆದುಕೊಳ್ಳಿ. ಲೋಹ ಕಡೆಯುವ ಹಳೆಯ ಲೇತ್ ಯಂತ್ರದ ಮುಂದೆ ನಿಂತವನು ಕತ್ತರಿಸುವ ಟೂಲ್ ಸವೆಯುತ್ತಿರುವುದನ್ನು ಕಡಿತದ ಸದ್ದಿನಲ್ಲಿ, ಸುರುಳಿಯಾಗಿ ಬೀಳುವ ಲೋಹದ ಚೂರಿನ ಬಣ್ಣದಲ್ಲಿ, ಮೇಲ್ಮೈಯ ಹೊಳಪಿನಲ್ಲಿ ಗುರುತಿಸುತ್ತಿದ್ದ. ಸಿಎನ್‌ಸಿ ಎಂಬ ಕಂಪ್ಯೂಟರ್ ನಿಯಂತ್ರಿತ ಯಂತ್ರ ಬಂದಾಗ ಆ ಅರಿವು ಒಮ್ಮೆಲೇ ಅಳಿಯಲಿಲ್ಲ, ಬೇರೆ ರೂಪ ಪಡೆಯಿತು: ಟೂಲ್ ಸವೆದಂತೆ ಶಾಫ್ಟಿನ ವ್ಯಾಸ ದಪ್ಪವಾಗುತ್ತ ಹೋಗುತ್ತದೆ, ಮೈಕ್ರೋಮೀಟರ್ ಹಿಡಿದು ಅಳೆದಾಗ 0.02 ಮಿಲಿಮೀಟರ್ ಹೆಚ್ಚು ಬಂದರೆ ಆ ಟೂಲಿನ ಆಫ್‌ಸೆಟ್‌ನಲ್ಲಿ, ಅಂದರೆ ಟೂಲಿನ ಸ್ಥಾನವನ್ನು ತಿದ್ದಲು ಯಂತ್ರಕ್ಕೆ ಕೊಡುವ ಅಂಕಿಯಲ್ಲಿ, ಅಷ್ಟನ್ನೇ ಕಳೆಯಬೇಕು. ಯಾಕೆ ಕಳೆಯಬೇಕೆಂದು ತಿಳಿದವನು ಯಂತ್ರವನ್ನು ಕೆಲಸಕ್ಕೆ ಸಜ್ಜುಗೊಳಿಸುವ ಸೆಟ್ಟರ್ ಆಗುತ್ತಾನೆ, ಮುಂದೆ ಪ್ರೋಗ್ರಾಂ ಬರೆಯುವವನೂ ಆಗುತ್ತಾನೆ. ಯಂತ್ರ ನಡೆಸುವ ಆಪರೇಟರ್, ಸೆಟ್ಟರ್, ಪ್ರೋಗ್ರಾಂ ಬರೆಯುವವ: ಒಂದೇ ಯಂತ್ರದ ಮುಂದೆ ನಿಂತು ಮೇಲಕ್ಕೆ ಹೋಗುವ ಮೂರು ಮೆಟ್ಟಿಲು ಇವು. ನಂತರದ ಪೀಳಿಗೆಯ ಯಂತ್ರಗಳಲ್ಲಿ ಅಳತೆ ತೆಗೆಯುವುದು, ಆಫ್‌ಸೆಟ್ ತಿದ್ದುವುದು, ಟೂಲ್ ಬದಲಿಸುವ ಹೊತ್ತನ್ನು ಹೇಳುವುದು ಎಲ್ಲವನ್ನೂ ಯಂತ್ರವೇ ಮಾಡಬಲ್ಲದು. ಅಲ್ಲಿ ಆಪರೇಟರನಿಗೆ ಉಳಿಯುವುದು ಭಾಗವನ್ನು ಒಳಗಿಡುವುದು, ಬಾಗಿಲು ಮುಚ್ಚಿ ಗುಂಡಿ ಒತ್ತುವುದು, ಸಿದ್ಧವಾದದ್ದನ್ನು ಹೊರಗೆ ತೆಗೆಯುವುದು.

ಇದೆಲ್ಲ ಯಂತ್ರದ ತಪ್ಪಲ್ಲ. ನನ್ನ ಅಸಮಾಧಾನವಿರುವುದು ಅದರ ಜೊತೆ ಬರುವ ಬೀಗದ ಬಗ್ಗೆ. ಪ್ರೋಗ್ರಾಂ ಮಾತೃಸಂಸ್ಥೆಯ ಕಚೇರಿಯಿಂದ ಬರುತ್ತದೆ, ನಿಯಂತ್ರಣ ಪೆಟ್ಟಿಗೆಯ ಒಳಗಿನ ಹೊಂದಾಣಿಕೆಗಳಿಗೆ ಪಾಸ್‌ವರ್ಡ್ ಇರುತ್ತದೆ, ಅಲಾರಂ ಬಂದರೆ ಪರದೆಯ ಮೇಲಿನ ಸಂಖ್ಯೆಯನ್ನು ಬರೆದು ಕಳಿಸಿ ಹೊರಗಿನ ಸರ್ವಿಸ್ ಎಂಜಿನಿಯರ್‌ಗಾಗಿ ಕಾಯಬೇಕಾಗುತ್ತದೆ. ಇಂಥ ಕಾರ್ಖಾನೆಯಲ್ಲಿ ತರಬೇತಿ ಕೊಡುತ್ತಿದ್ದಾಗ ಚುರುಕಾದ ಹುಡುಗರು ‘ಇದು ಯಾಕೆ ಹೀಗೆ?’ ಎಂದು ಕೇಳಿದರೆ ತೆರೆದು ತೋರಿಸುವ ಅಧಿಕಾರ ನನಗೂ ಇರಲಿಲ್ಲ. ಯಂತ್ರ ದೇಶದೊಳಗೆ ಬಂದಿತ್ತು, ತಂತ್ರಜ್ಞಾನ ಬಂದಿರಲಿಲ್ಲ. ಇದನ್ನೂ ವರ್ಗಾವಣೆಯೆಂದೇ ಲೆಕ್ಕ ಹಾಕುವ ವರದಿಗಳನ್ನು ಓದುವಾಗ ನನಗೆ ನಿಜವಾಗಿಯೂ ನೋವಾಗುತ್ತದೆ. ಏಕೆಂದರೆ ಆ ಹುಡುಗರ ಕಲಿಯುವ ವಯಸ್ಸು ಗುಂಡಿ ಒತ್ತುವುದರಲ್ಲೇ ಕಳೆದುಹೋಗುತ್ತದೆ, ಆ ನಷ್ಟ ಯಾವ ಕೋಷ್ಟಕದಲ್ಲೂ ಕಾಣುವುದಿಲ್ಲ.

ಹೀಗಲ್ಲದೆ ಬೇರೆ ರೀತಿಯೂ ಸಾಧ್ಯವೆಂಬುದಕ್ಕೆ ಬಾಂಗ್ಲಾದೇಶದ ಸಿದ್ಧ ಉಡುಪಿನ ಉದ್ಯಮ ಸಾಕ್ಷಿ. 1978ರಲ್ಲಿ ಅಲ್ಲಿನ ದೇಶ್ ಗಾರ್ಮೆಂಟ್ಸ್ ಸಂಸ್ಥೆ ದಕ್ಷಿಣ ಕೊರಿಯಾದ ಡೇವೂ ಕಂಪನಿಯ ಜೊತೆ ಒಪ್ಪಂದ ಮಾಡಿಕೊಂಡು, ಮರುವರ್ಷ ತನ್ನ 130 ಜನರನ್ನು ಪುಸಾನ್‌ನ ಕಾರ್ಖಾನೆಯಲ್ಲಿ ಸುಮಾರು ಆರು ತಿಂಗಳು ಕಲಿಯಲು ಕಳಿಸಿತು. ಅವರು ಕಲಿತದ್ದು ಹೊಲಿಗೆಯನ್ನಷ್ಟೇ ಅಲ್ಲ, ಉತ್ಪಾದನೆಯ ಸಾಲನ್ನು ಹೇಗೆ ಜೋಡಿಸಬೇಕು, ಗುಣಮಟ್ಟವನ್ನು ಎಲ್ಲಿ ಪರೀಕ್ಷಿಸಬೇಕು, ಹೊರದೇಶದ ಖರೀದಿದಾರನೊಡನೆ ಹೇಗೆ ವ್ಯವಹರಿಸಬೇಕು ಎಂಬುದನ್ನೂ ಕಲಿತರು. 1980ರ ದಶಕ ಮುಗಿಯುವ ಮೊದಲೇ ಅವರಲ್ಲಿ 115 ಮಂದಿ ಸಂಸ್ಥೆಯನ್ನು ಬಿಟ್ಟು ಬೇರೆ ಕಾರ್ಖಾನೆಗಳಿಗೆ ಹೋದರು, ಕೆಲವರು ತಾವೇ ಕಾರ್ಖಾನೆ ತೆರೆದರು. ತರಬೇತಿಗೆ ಹಣ ಹಾಕಿದ ಸಂಸ್ಥೆಯ ಪಾಲಿಗೆ ಇದು ನಷ್ಟವೇ ಇರಬಹುದು, ಆದರೆ ಇಡೀ ಉದ್ಯಮ ಬೆಳೆದದ್ದು ಹೀಗೆ ಹೊರಗೆ ಹೋದವರಿಂದ. ಅದೇ ಉದ್ಯಮದಲ್ಲಿ 2013ರಲ್ಲಿ ಉಡುಪು ಕಾರ್ಖಾನೆಗಳಿದ್ದ ರಾಣಾ ಪ್ಲಾಜಾ ಕಟ್ಟಡ ಕುಸಿದು 1,100ಕ್ಕೂ ಹೆಚ್ಚು ಜನ ಸತ್ತರು. ಕೌಶಲ ಹರಡಿತೆಂದ ಮಾತ್ರಕ್ಕೆ ಕಾರ್ಮಿಕರ ಹಕ್ಕು, ಸುರಕ್ಷತೆಗಳು ತಾವಾಗಿ ಹಿಂದೆ ಬರುವುದಿಲ್ಲ, ಅವುಗಳಿಗೆ ಬೇರೆಯೇ ಹೋರಾಟ ಬೇಕಾಗುತ್ತದೆ.

ಆ ಕಲಿಸಿದ ದೇಶವೂ ಅದಕ್ಕೆ ಸ್ವಲ್ಪ ಮೊದಲು ಕಲಿಯುವ ದೇಶವೇ ಆಗಿತ್ತು. 1960 ಮತ್ತು 70ರ ದಶಕಗಳಲ್ಲಿ ದಕ್ಷಿಣ ಕೊರಿಯಾ ವಿದೇಶಿ ಕಂಪನಿಗಳ ಒಡೆತನಕ್ಕಿಂತ ಹೆಚ್ಚಾಗಿ ಯಂತ್ರಗಳ ಆಮದು ಮತ್ತು ಪರವಾನಗಿ ಒಪ್ಪಂದಗಳ ಮೇಲೆ ನೆಚ್ಚಿತ್ತು, ತಂದ ಯಂತ್ರಗಳನ್ನು ಬಿಚ್ಚಿ ನೋಡಬಲ್ಲ ಎಂಜಿನಿಯರುಗಳನ್ನು ತಯಾರು ಮಾಡಿತ್ತು, 1966ರಲ್ಲೇ ವಿಜ್ಞಾನ ಮತ್ತು ತಂತ್ರಜ್ಞಾನ ಸಂಶೋಧನಾ ಸಂಸ್ಥೆಯೊಂದನ್ನು ಕಟ್ಟಿತ್ತು. ಹೊರಗಿನದನ್ನು ಅರಗಿಸಿಕೊಳ್ಳುವ ಶಕ್ತಿ ಒಳಗೆ ಮೊದಲೇ ಇದ್ದರೆ ಮಾತ್ರ ಬಂದದ್ದು ಮೈಗೆ ಹತ್ತುತ್ತದೆ. ಆ ಶಕ್ತಿ ಶಾಲೆಯಿಂದ, ತಾಂತ್ರಿಕ ತರಬೇತಿಯಿಂದ ಬರುತ್ತದೆಯೇ ಹೊರತು ಹೂಡಿಕೆದಾರರ ಸಮಾವೇಶಗಳಿಂದಲ್ಲ.

ಮಧ್ಯ ಅಮೆರಿಕದ ಕೋಸ್ಟಾರಿಕಾದಲ್ಲಿ ನಡೆದದ್ದೂ ಇದಕ್ಕೆ ಹತ್ತಿರದ ಸಂಗತಿ. ಕಂಪ್ಯೂಟರ್ ಚಿಪ್ ತಯಾರಿಸುವ ಇಂಟೆಲ್ ಕಂಪನಿ ಅಲ್ಲಿ ಘಟಕ ಸ್ಥಾಪಿಸುವುದಾಗಿ 1996ರಲ್ಲಿ ಪ್ರಕಟಿಸಿತು. 2014ರಲ್ಲಿ ಜೋಡಣೆ ಮತ್ತು ಪರೀಕ್ಷೆಯ ಕೆಲಸವನ್ನು ಏಷ್ಯಾಕ್ಕೆ ಸಾಗಿಸಲು ತೀರ್ಮಾನಿಸಿದಾಗ ಸುಮಾರು 1,500 ಉದ್ಯೋಗಗಳು ಹೋದವು. ಎಂಜಿನಿಯರಿಂಗ್ ವಿಭಾಗ ಮಾತ್ರ ಅಲ್ಲೇ ಉಳಿಯಿತು. ಎದ್ದು ಹೋಗುವುದು ಯಾವುದು, ಉಳಿಯುವುದು ಯಾವುದು ಎಂಬುದನ್ನು ಇದು ಸ್ಪಷ್ಟವಾಗಿ ತೋರಿಸುತ್ತದೆ.

ಕುಶಲರು ದೇಶ ಬಿಟ್ಟು ಹೋಗುವುದರ ಬಗ್ಗೆಯೂ ನೀವು ಪ್ರಸ್ತಾಪಿಸಿದ್ದೀರಿ. ಹೊರಗೆ ಹೋದವರನ್ನು ದೂರುವುದು ನನಗೆ ಒಪ್ಪಿಗೆಯಿಲ್ಲ. ಕಲಿತದ್ದನ್ನು ಬಳಸಲು ಅವಕಾಶವಿಲ್ಲದ ಕಡೆ ಯಾರನ್ನೂ ಕಟ್ಟಿಹಾಕಲಾಗದು.

ಹಾಗಾದರೆ ಸರ್ಕಾರಗಳು ಏನು ಮಾಡಬಹುದು? ಮೊದಲಿದ್ದಷ್ಟು ದಾರಿಗಳು ಈಗಿಲ್ಲ. 1995ರಲ್ಲಿ ವಿಶ್ವ ವ್ಯಾಪಾರ ಸಂಸ್ಥೆ ಹುಟ್ಟಿದಾಗ ಜಾರಿಗೆ ಬಂದ ನಿಯಮಗಳ ಪ್ರಕಾರ, ಇಂತಿಷ್ಟು ಬಿಡಿಭಾಗಗಳನ್ನು ದೇಶದೊಳಗೇ ಕೊಳ್ಳಬೇಕೆಂದು ಹೂಡಿಕೆದಾರರಿಗೆ ಷರತ್ತು ಹಾಕುವಂತಿಲ್ಲ. ಬೌದ್ಧಿಕ ಆಸ್ತಿಯ ಒಪ್ಪಂದವಾದ ಟ್ರಿಪ್ಸ್‌ನ 66.2ನೇ ವಿಧಿಯು ಅತಿ ಹಿಂದುಳಿದ ದೇಶಗಳಿಗೆ ತಂತ್ರಜ್ಞಾನ ವರ್ಗಾಯಿಸುವಂತೆ ತಮ್ಮ ಕಂಪನಿಗಳನ್ನು ಪ್ರೋತ್ಸಾಹಿಸಬೇಕೆಂದು ಶ್ರೀಮಂತ ದೇಶಗಳಿಗೆ ಹೇಳುತ್ತದೆ, ಆದರೆ ಎಷ್ಟು, ಯಾವಾಗ ಎಂದು ಹೇಳುವುದಿಲ್ಲ. ಆದರೂ ತೆರಿಗೆ ವಿನಾಯಿತಿ, ಜಮೀನು, ಅಗ್ಗದ ವಿದ್ಯುತ್ತು ಕೊಡುವಾಗ ಚೌಕಾಸಿ ಮಾಡಲು ಅವಕಾಶ ಉಳಿದಿದೆ. ಆ ಮಾತುಕತೆಯಲ್ಲಿ ಎಷ್ಟು ಉದ್ಯೋಗ ಎಂದು ಕೇಳುವುದರ ಜೊತೆಗೆ, ನಿರ್ವಹಣೆಯ ಕೈಪಿಡಿಗಳು ಪೂರ್ತಿಯಾಗಿ ಸಿಗುತ್ತವೆಯೇ, ದುರಸ್ತಿಯ ತರಬೇತಿ ಎಷ್ಟು ಜನರಿಗೆ, ನಿಯಂತ್ರಣ ವ್ಯವಸ್ಥೆಯ ಪಾಸ್‌ವರ್ಡ್ ಎಷ್ಟು ವರ್ಷಗಳ ನಂತರ ಸ್ಥಳೀಯ ತಂತ್ರಜ್ಞರ ಕೈಗೆ ಬರುತ್ತದೆ, ತರಬೇತಿ ಪಡೆದವರು ಬೇರೆ ಕಡೆ ಕೆಲಸಕ್ಕೆ ಹೋಗದಂತೆ ಬಾಂಡ್ ಬರೆಸಿಕೊಳ್ಳಲಾಗುತ್ತದೆಯೇ ಎಂದೂ ಕೇಳಬೇಕು, ಉತ್ತರಗಳನ್ನು ಒಪ್ಪಂದದ ಪಠ್ಯದಲ್ಲೇ ಸೇರಿಸಬೇಕು.